ಬಂದೂಕು ನಿಮ್ಮದೋ, ಬ್ಯಾಂಕಿನದೋ? ಗನ್‌ಮ್ಯಾನ್ ಕೆಲಸಕ್ಕೆ ಹೊರಟವರು ಮೊದಲು ನೋಡಬೇಕಾದ ಲೆಕ್ಕ

ಹೋದ ಮಳೆಗಾಲದಲ್ಲಿ ಸಿಂಧನೂರು ಕಡೆಯ ಹುಡುಗನೊಬ್ಬ ನಮ್ಮ ಆಫೀಸಿಗೆ ಬಂದ. ಕೈಯಲ್ಲಿ ಒಂದು ಪ್ಲಾಸ್ಟಿಕ್ ಕವರು, ಅದರೊಳಗೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿ, ಆಧಾರ್ ಜೆರಾಕ್ಸು, ನಾಲ್ಕು ಪಾಸ್‌ಪೋರ್ಟ್ ಫೋಟೊ. ಎರಡು ವರ್ಷದಿಂದ ಬೆಂಗಳೂರಿನ ಅಪಾರ್ಟ್‌ಮೆಂಟ್ ಒಂದರ ಗೇಟಿನಲ್ಲಿ ಗಾರ್ಡ್. "ಸರ್, ಗನ್ ಲೈಸೆನ್ಸ್ ಮಾಡಿಸಬೇಕಂತ ಮಾಡೀನ್ರಿ. ಒಬ್ರು ಮಾಡಿಸಿಕೊಡ್ತೀನಿ ಅಂದಾರ. ಮನ್ಯಾಗ ಒಂದು ಲಕ್ಷ ಸಾಲ ತಗೀಲಿಕ್ಕೆ ಒಪ್ಯಾರ" ಎಂದ. ಇಂಥ ಹುಡುಗರನ್ನು ನಾನು ವರ್ಷಕ್ಕೆ ಹತ್ತಾರು ಮಂದಿ ನೋಡುತ್ತೇನೆ. ಹದಿನೆಂಟು ವರ್ಷದಿಂದ ಫೀಲ್ಡ್ ಆಫೀಸರ್ ಆಗಿ ಗಾರ್ಡ್‌ಗಳ ಡ್ಯೂಟಿ ಹಾಕುವುದೇ ನನ್ನ ಕೆಲಸ. ಅವನನ್ನು ಕೂರಿಸಿ, ಚಹಾ ತರಿಸಿ, ಎರಡು ಗಂಟೆ ಮಾತಾಡಿದೆ. ಅಂದು ಹೇಳಿದ್ದನ್ನೇ ಇಲ್ಲಿ ಬರೆಯುತ್ತಿದ್ದೇನೆ. ಸಾಲಕ್ಕೆ ಸಹಿ ಹಾಕುವ ಮೊದಲು ಇನ್ನೊಬ್ಬರಿಗಾದರೂ ಇದು ಸಿಗಲಿ ಎಂಬುದು ನನ್ನ ಆಸೆ.

ಮೊದಲು ಒಂದು ಗೊಂದಲ ಬಿಡಿಸಿಕೊಳ್ಳಬೇಕು. "ಗನ್‌ಮ್ಯಾನ್ ಲೈಸೆನ್ಸ್" ಅಂತ ಒಂದೇ ಕಾಗದ ನಮ್ಮಲ್ಲಿ ಇಲ್ಲ. ಮೂರು ಬೇರೆ ಬೇರೆ ಕಾಗದಗಳನ್ನು ಜನ ಒಂದೇ ಹೆಸರಿನಲ್ಲಿ ಕರೆಯುತ್ತಾರೆ. ಒಂದು, ಏಜೆನ್ಸಿಯ ಲೈಸೆನ್ಸು. 2005ರ ಖಾಸಗಿ ಭದ್ರತಾ ಏಜೆನ್ಸಿಗಳ ನಿಯಂತ್ರಣ ಕಾಯ್ದೆ, ನಮ್ಮ ಬಾಯಲ್ಲಿ ಪಸಾರಾ, ಅದರಡಿ ಕೊಡುವುದು. ಅದು ಕಂಪನಿಗೆ ಸಂಬಂಧಿಸಿದ್ದು, ನಿಮಗಲ್ಲ. ಯಾರಾದರೂ "ನಿನಗೆ ಪಸಾರಾ ಲೈಸೆನ್ಸ್ ಮಾಡಿಸಿಕೊಡ್ತೀನಿ" ಎಂದು ದುಡ್ಡು ಕೇಳಿದರೆ ಅಲ್ಲಿಂದ ಎದ್ದು ಬನ್ನಿ. ಎರಡನೆಯದು ನಿಮ್ಮ ತರಬೇತಿ ಸರ್ಟಿಫಿಕೇಟು ಮತ್ತು ಏಜೆನ್ಸಿ ಕೊಡುವ ಫೋಟೊ ಗುರುತಿನ ಚೀಟಿ. ಮೂರನೆಯದು 1959ರ ಶಸ್ತ್ರಾಸ್ತ್ರ ಕಾಯ್ದೆಯಡಿ ಬಂದೂಕಿಗೆ ಕೊಡುವ ಲೈಸೆನ್ಸು. ಜಿಲ್ಲೆಗಳಲ್ಲಿ ಇದನ್ನು ಡಿಸಿ ಕೊಡುತ್ತಾರೆ, ಬೆಂಗಳೂರು, ಮೈಸೂರಿನಂಥ ಕಮಿಷನರೇಟ್ ಊರುಗಳಲ್ಲಿ ಪೊಲೀಸ್ ಕಮಿಷನರ್. ಸಶಸ್ತ್ರ ಕಾವಲಿಗೆ ಈ ಮೂರೂ ಬೇಕು, ಆದರೆ ಮೂರನ್ನೂ ನೀವೇ ಮಾಡಿಸಬೇಕಾಗಿಲ್ಲ. ಯಾವುದನ್ನು ಯಾರು ಮಾಡಿಸುತ್ತಾರೆ ಎನ್ನುವುದರ ಮೇಲೆಯೇ ನಿಮ್ಮ ದಾರಿ ಬೇರೆಯಾಗುತ್ತದೆ.

ದಿನಕ್ಕೆ 81 ರೂಪಾಯಿ

ಬಂದೂಕು ಹಿಡಿದರೆ ಸಂಬಳ ಎಷ್ಟು ಹೆಚ್ಚು? ಎಲ್ಲರ ಮೊದಲ ಪ್ರಶ್ನೆ ಇದೇ, ಆದ್ದರಿಂದ ಮೊದಲು ಇದಕ್ಕೇ ಉತ್ತರ. ಕೇಂದ್ರ ಸರ್ಕಾರದ ವ್ಯಾಪ್ತಿಗೆ ಬರುವ ಕಡೆಗಳಲ್ಲಿ, ಅಂದರೆ ರಾಷ್ಟ್ರೀಕೃತ ಬ್ಯಾಂಕು, ಕೇಂದ್ರದ ಕಾರ್ಖಾನೆ, ಬಂದರು ಇಂಥಲ್ಲಿ, ಕಾವಲಿನವರಿಗೆ ಎರಡು ಕನಿಷ್ಠ ವೇತನ ಇದೆ: ಆಯುಧ ಇಲ್ಲದವರಿಗೆ ಒಂದು, ಇರುವವರಿಗೆ ಒಂದು. 2024ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ದರದಲ್ಲಿ, ಬೆಂಗಳೂರು ಸೇರುವ 'ಎ' ವಲಯಕ್ಕೆ, ಆಯುಧ ಇಲ್ಲದ ಗಾರ್ಡಿಗೆ ದಿನಕ್ಕೆ 954 ರೂಪಾಯಿ, ಆಯುಧಧಾರಿಗೆ 1,035. ತಿಂಗಳಿಗೆ 26 ದಿನ ಹಿಡಿದರೆ 24,804 ಮತ್ತು 26,910. ವ್ಯತ್ಯಾಸ ದಿನಕ್ಕೆ 81 ರೂಪಾಯಿ, ತಿಂಗಳಿಗೆ 2,106. ತುಟ್ಟಿಭತ್ಯೆ ಸೇರಿ ಈ ದರ ಆರಾರು ತಿಂಗಳಿಗೆ ಬದಲಾಗುತ್ತದೆ, ಆದರೆ ಲೆಕ್ಕದ ರೀತಿ ಇದೇ.

ಈಗ ಆ ಹುಡುಗನ ಸಾಲವನ್ನು ಇದರ ಪಕ್ಕದಲ್ಲಿಡಿ. ಒಂದು ಲಕ್ಷವನ್ನು ತಿಂಗಳಿಗೆ 2,106ರಂತೆ ತೀರಿಸಿದರೆ, ಬಡ್ಡಿ ಬಿಟ್ಟೇ, 48 ತಿಂಗಳು ಬೇಕು. ಲೈಸೆನ್ಸಿನ ಆಯಸ್ಸು 5 ವರ್ಷ. ಶಸ್ತ್ರಾಸ್ತ್ರ ಕಾಯ್ದೆಗೆ 2019ರಲ್ಲಿ ಆದ ತಿದ್ದುಪಡಿಗೆ ಮೊದಲು 3 ವರ್ಷ ಇತ್ತು. ಬಡ್ಡಿಯೂ ಸೇರಿದರೆ ಸಾಲ ತೀರುವ ಹೊತ್ತಿಗೆ ನವೀಕರಣದ ಅರ್ಜಿ ಬರೆಯಬೇಕು. ಇದನ್ನು ನಾನು ಪೆನ್ನಿನಲ್ಲಿ ಬರೆದು ತೋರಿಸಿದಾಗ ಅವನು ಬಹಳ ಹೊತ್ತು ಆ ಕಾಗದವನ್ನೇ ನೋಡುತ್ತ ಕೂತಿದ್ದ.

ಖಾಸಗಿ ಚಿನ್ನದಂಗಡಿ, ಎಸ್ಟೇಟು, ರಿಯಲ್ ಎಸ್ಟೇಟ್ ಮಂದಿಯ ಹತ್ತಿರ ಇದಕ್ಕಿಂತ ಹೆಚ್ಚು ಸಿಗುವುದೂ ಉಂಟು, ಇಲ್ಲ ಎನ್ನುವುದಿಲ್ಲ. ಆದರೆ ಅದು ಕರಾರಿನ ಮಾತು, ಕಾನೂನಿನ ಖಾತರಿ ಅಲ್ಲ. ಒಡೆಯ ಬದಲಾದರೆ ಸಂಬಳವೂ ಬದಲಾಗುತ್ತದೆ.

ಸ್ವಂತ ಲೈಸೆನ್ಸು, ಸ್ವಂತ ಬಂದೂಕು

"ಸ್ವಂತ ಲೈಸೆನ್ಸ್ ಇರುವ ಗನ್‌ಮ್ಯಾನ್ ಬೇಕಾಗಿದ್ದಾರೆ" ಎಂಬ ಜಾಹೀರಾತು ನೀವೂ ನೋಡಿರುತ್ತೀರಿ. ಏಜೆನ್ಸಿಗಳಿಗೆ ಇದು ಅನುಕೂಲ. ಬಂದೂಕಿನ ಖರ್ಚಿಲ್ಲ, ಜವಾಬ್ದಾರಿಯಿಲ್ಲ, ಆಳಿನ ಜೊತೆ ಆಯುಧವೂ ಬರುತ್ತದೆ. ನಿಮಗೆ ಅನುಕೂಲವೇ ಎಂಬುದು ಬೇರೆ ವಿಷಯ. ಈ ದಾರಿಯ ಬಗ್ಗೆ ಸ್ವಲ್ಪ ಹೆಚ್ಚೇ ಹೇಳುತ್ತೇನೆ, ಯಾಕೆಂದರೆ ಜನ ಕೈ ಸುಟ್ಟುಕೊಳ್ಳುವುದು ಇಲ್ಲೇ.

ವಯಸ್ಸು 21 ತುಂಬಿರಬೇಕು. ಗಾರ್ಡ್ ಕೆಲಸಕ್ಕೆ 18 ಸಾಕು, ಬಂದೂಕಿನ ಲೈಸೆನ್ಸಿಗೆ ಸಾಲದು. ಅರ್ಜಿ ನಮೂನೆ ಎ-1. ಅದರ ಜೊತೆ ಆಯುಧ ಸುರಕ್ಷತಾ ತರಬೇತಿಯ ಸರ್ಟಿಫಿಕೇಟು, ಮನೆಯಲ್ಲಿ ಭದ್ರವಾಗಿ ಇಡುತ್ತೇನೆಂಬ ಮುಚ್ಚಳಿಕೆ, ದೇಹ ಮತ್ತು ಮನಸ್ಸಿನ ಆರೋಗ್ಯದ ವೈದ್ಯಕೀಯ ಸರ್ಟಿಫಿಕೇಟು. 2016ರ ಶಸ್ತ್ರಾಸ್ತ್ರ ನಿಯಮಗಳಲ್ಲಿ ಇವೆಲ್ಲ ಇವೆ. ಆಮೇಲೆ ಪೊಲೀಸ್ ವರದಿ. ನಿಯಮದ ಪ್ರಕಾರ ಠಾಣೆಯವರು 30 ದಿನದಲ್ಲಿ ವರದಿ ಕೊಡಬೇಕು, ವರದಿ ಬಂದ 60 ದಿನದೊಳಗೆ ಲೈಸೆನ್ಸ್ ಅಧಿಕಾರಿ ತೀರ್ಮಾನಿಸಬೇಕು. ನಾನು ನೋಡಿದ ಫೈಲುಗಳು ಅಷ್ಟು ಬೇಗ ನಡೆದಿಲ್ಲ. ನಿರಾಕರಿಸಿದರೆ ಕಾರಣವನ್ನು ಬರಹದಲ್ಲಿ ಕೇಳಿ ಪಡೆಯಿರಿ. ಮೇಲ್ಮನವಿಗೆ ಶಸ್ತ್ರಾಸ್ತ್ರ ಕಾಯ್ದೆಯ 18ನೇ ಕಲಮಿನಲ್ಲಿ ಅವಕಾಶ ಇದೆ.

ಯಾವ ಬಂದೂಕು ಕೇಳಬೇಕು? ಕಾವಲಿಗೆ ಸಾಮಾನ್ಯವಾಗಿ 12 ಬೋರಿನ ಒಂಟಿ ನಳಿಗೆ ಅಥವಾ ಜೋಡಿ ನಳಿಗೆ ಕೋವಿ, ಆಫೀಸಿನ ಭಾಷೆಯಲ್ಲಿ ಎಸ್‌ಬಿಬಿಎಲ್, ಡಿಬಿಬಿಎಲ್. 20 ಇಂಚಿಗೆ ಕಡಿಮೆಯಿಲ್ಲದ ನಳಿಗೆಯ ಇಂಥ ಕೋವಿಯನ್ನು ರಕ್ಷಣೆಗೆಂದು ಕೇಳಿದರೆ ಕಾಯ್ದೆ ಸ್ವಲ್ಪ ಉದಾರವಾಗಿದೆ. ಪಿಸ್ತೂಲು, ರಿವಾಲ್ವರು ಕೇಳಿದರೆ ಪ್ರಶ್ನೆಗಳು ಹೆಚ್ಚು. ಸೊಂಟದಲ್ಲಿ ಪಿಸ್ತೂಲು ಇದ್ದರೆ ಚೆನ್ನಾಗಿ ಕಾಣುತ್ತದೆ ಎಂಬ ಆಸೆಯಿಂದ ಫೈಲು ಕೆಡಿಸಿಕೊಂಡವರಿದ್ದಾರೆ.

ಈ ದಾರಿಯಲ್ಲಿ ಮುಖ್ಯವಾದ ತೊಡಕು ಬೇರೆಯೇ ಇದೆ. ನಿಮಗೆ ಲೈಸೆನ್ಸ್ ಕೊಡುವುದು ನಿಮ್ಮ ಪ್ರಾಣ, ನಿಮ್ಮ ಆಸ್ತಿಯ ರಕ್ಷಣೆಗೆ. ಅದೇ ಕೋವಿ ಹೆಗಲಿಗೆ ಹಾಕಿಕೊಂಡು ಇನ್ನೊಬ್ಬರ ಅಂಗಡಿಯ ಮುಂದೆ ಸಂಬಳಕ್ಕೆ ನಿಂತರೆ, ಅದು ಲೈಸೆನ್ಸಿನ ಉದ್ದೇಶಕ್ಕೆ ಹೊಂದುತ್ತದೆಯೇ ಎಂಬ ಪ್ರಶ್ನೆ ಯಾವತ್ತಾದರೂ ಏಳಬಹುದು. ಏನೂ ಆಗದಿರುವಷ್ಟು ದಿನ ಯಾರೂ ಕೇಳುವುದಿಲ್ಲ. ಒಂದು ಗುಂಡು ಹಾರಿದ ದಿನ ಮೊದಲು ಕೇಳುವುದೇ ಅದನ್ನು. ಷರತ್ತು ಮುರಿದದ್ದು ಸಾಬೀತಾದರೆ 30ನೇ ಕಲಮಿನಡಿ 6 ತಿಂಗಳವರೆಗೆ ಜೈಲು ಅಥವಾ 2,000 ರೂಪಾಯಿವರೆಗೆ ದಂಡ ಅಥವಾ ಎರಡೂ, ಲೈಸೆನ್ಸು ರದ್ದಾಗುವ ಭಯ ಬೇರೆ. ಆದ್ದರಿಂದ ಅರ್ಜಿಯಲ್ಲೇ ಕಾವಲು ಉದ್ಯೋಗ ಎಂದು ನಿಜ ಬರೆಯಿರಿ. ಕೃಷಿ ಎಂದು ಬರೆಸುವ ಏಜೆಂಟರ ಮಾತು ಕೇಳಬೇಡಿ. ಅಧಿಕಾರಿ ಒಪ್ಪಿ ಕೊಟ್ಟರೆ ಆ ಕಾಗದಕ್ಕೆ ಬೆಲೆ ಇದೆ. ಒಪ್ಪದಿದ್ದರೆ ಈ ದಾರಿ ನಿಮಗಲ್ಲ ಎಂದು ಸಾಲ ಮಾಡುವ ಮೊದಲೇ ತಿಳಿದಂತಾಯಿತು.

ಕೊಡಗಿನವರಿಗೆ ಒಂದು ಮಾತು. ಕೊಡವರಿಗೂ ಜಮ್ಮಾ ಎಂಬ ವಂಶಪಾರಂಪರ್ಯ ಜಮೀನಿನ ಹಿಡುವಳಿದಾರರಿಗೂ ಕೋವಿಯ ಲೈಸೆನ್ಸಿನಿಂದ ಹಿಂದಿನಿಂದಲೂ ವಿನಾಯಿತಿ ಇದೆ, 2019ರಲ್ಲಿ ಕೇಂದ್ರ ಅದನ್ನು 2029ರವರೆಗೆ ಮುಂದುವರಿಸಿತು. ಕೊಡವರ ಆಯುಧ ಹಬ್ಬವಾದ ಕೈಲ್ ಪೊಳ್ದ್‌ನಲ್ಲಿ ಪೂಜೆಗೊಳ್ಳುವ ಆ ಕೋವಿಯನ್ನು ಬೆಂಗಳೂರಿನ ಜ್ಯುವೆಲರಿ ಬಾಗಿಲಿಗೆ ತಂದು ಸಂಬಳಕ್ಕೆ ನಿಲ್ಲಬಹುದೇ ಎಂದು ಕೇಳಿದವರಿದ್ದಾರೆ. ಆ ವಿನಾಯಿತಿ ಪತ್ರ ನಂಬಿ ಹಾಗೆ ಬರಬೇಡಿ. ಮಡಿಕೇರಿಯ ಡಿಸಿ ಆಫೀಸಿನಿಂದ ಬರಹದಲ್ಲಿ ಉತ್ತರ ಪಡೆದೇ ಮುಂದಿನ ಹೆಜ್ಜೆ ಇಡಿ.

ಚುನಾವಣೆ ಬಂದರೆ ಸ್ವಂತ ಕೋವಿಯವನ ಹೊಟ್ಟೆಪಾಡಿಗೆ ಇನ್ನೊಂದು ಹೊಡೆತ. ನೀತಿ ಸಂಹಿತೆ ಜಾರಿಯಾದ ಕೂಡಲೇ ಬಂದೂಕನ್ನು ಠಾಣೆಯಲ್ಲಿ ಠೇವಣಿ ಇಡಲು ಆದೇಶ ಬರುತ್ತದೆ. 2024ರ ಲೋಕಸಭಾ ಚುನಾವಣೆಗೆ ನೀತಿ ಸಂಹಿತೆ ಮಾರ್ಚ್ 16ಕ್ಕೆ ಶುರುವಾಗಿ ಜೂನ್ 6ಕ್ಕೆ ಮುಗಿಯಿತು. ಹತ್ತಿರ ಹತ್ತಿರ ಮೂರು ತಿಂಗಳು. ವಿನಾಯಿತಿಗೆ ಜಿಲ್ಲೆಯ ಸ್ಕ್ರೀನಿಂಗ್ ಕಮಿಟಿಗೆ ಅರ್ಜಿ ಹಾಕಬಹುದು, ಬ್ಯಾಂಕ್ ಕಾವಲಿನವರಿಗೆ ಸಾಮಾನ್ಯವಾಗಿ ಸಿಗುತ್ತದೆ. ಮದುವೆ ಮಂಟಪಕ್ಕೂ ಸಾಹುಕಾರರ ಕಾರಿಗೂ ಹೋಗುವ ಗನ್‌ಮ್ಯಾನ್ ಆ ಮೂರು ತಿಂಗಳು ಕೋವಿ ಇಲ್ಲದೆ ಮನೆಯಲ್ಲಿ ಕೂರಬೇಕಾಗಬಹುದು. ಪಂಚಾಯಿತಿ, ವಿಧಾನಸಭೆ, ಲೋಕಸಭೆ ಎಂದು ಐದು ವರ್ಷದಲ್ಲಿ ಎಷ್ಟು ಸಲ ಠಾಣೆಯ ಮೆಟ್ಟಿಲು ಹತ್ತಬೇಕು ಎಂದು ನೀವೇ ಎಣಿಸಿ.

ಹೊರ ರಾಜ್ಯದ ಲೈಸೆನ್ಸು "ಒಂದೇ ವಾರದಲ್ಲಿ" ತರಿಸಿಕೊಡುತ್ತೇನೆ ಎನ್ನುವವರೂ ಇದ್ದಾರೆ. ಜಮ್ಮು-ಕಾಶ್ಮೀರದಲ್ಲಿ 2012ರಿಂದ 2016ರ ನಡುವೆ ಅನರ್ಹರಿಗೆ ಕೊಟ್ಟ ಲೈಸೆನ್ಸುಗಳ ಬಗ್ಗೆ ಸಿಬಿಐ ದೊಡ್ಡ ತನಿಖೆಯನ್ನೇ ನಡೆಸಿತು. ಅಂಥ ಕಾಗದ ಇಟ್ಟುಕೊಂಡು ಕಾವಲಿಗೆ ನಿಂತವನು ಕಾನೂನಿನ ಕಣ್ಣಿನಲ್ಲಿ ಅಕ್ರಮ ಬಂದೂಕುಧಾರಿ. 2019ರ ತಿದ್ದುಪಡಿಯ ನಂತರ ಅದಕ್ಕೆ ಕನಿಷ್ಠ 2 ವರ್ಷ, ಗರಿಷ್ಠ 5 ವರ್ಷ ಜೈಲು. ಪ್ರತಿ ಅಸಲಿ ಲೈಸೆನ್ಸಿಗೂ ರಾಷ್ಟ್ರೀಯ ದತ್ತಾಂಶದಲ್ಲಿ ಒಂದು ಗುರುತಿನ ಸಂಖ್ಯೆ, ಯುಐಎನ್, ಇರುತ್ತದೆ. ಆ ಸಂಖ್ಯೆ ಇಲ್ಲದ ಲೈಸೆನ್ಸು ಊರ್ಜಿತವಲ್ಲ.

ಬ್ಯಾಂಕಿನ ಕೋವಿ, ನಿಮ್ಮ ಹೆಸರು

ಎರಡನೆಯ ದಾರಿಯಲ್ಲಿ ಕೋವಿಯೂ ಲೈಸೆನ್ಸೂ ಸಂಸ್ಥೆಯದು. ಬ್ಯಾಂಕೋ ಕಾರ್ಖಾನೆಯೋ ತನ್ನ ಹೆಸರಿನಲ್ಲಿ ಲೈಸೆನ್ಸು ಪಡೆದಿರುತ್ತದೆ. ಅದನ್ನು ಹಿಡಿಯುವ ಗಾರ್ಡಿನ ಹೆಸರನ್ನು 'ರಿಟೇನರ್' ಎಂದು ಲೈಸೆನ್ಸಿನಲ್ಲಿ ನಮೂದಿಸುತ್ತಾರೆ. ನಿಮ್ಮ ಮೇಲೂ ಪೊಲೀಸ್ ಪರಿಶೀಲನೆ ನಡೆಯುತ್ತದೆ, ನೀವೂ ತರಬೇತಿ ಪಡೆದಿರಬೇಕು. ಆದರೆ ಕೋವಿ ಕೊಳ್ಳುವ ಸಾಲ ನಿಮ್ಮದಲ್ಲ, ನವೀಕರಣದ ಓಡಾಟ ನಿಮ್ಮದಲ್ಲ, ಚುನಾವಣೆ ಬಂದಾಗ ಅರ್ಜಿ ಬರೆಯುವುದೂ ಮ್ಯಾನೇಜರ ಕೆಲಸ.

ನನ್ನ ಮಟ್ಟಿಗೆ, ಹೊಸಬರಿಗೆ ಇದೇ ಸರಿಯಾದ ದಾರಿ. ಇದರ ಕೊರತೆಯೂ ಹೇಳಬೇಕು: ಆ ಹೆಸರು ಆ ಕೋವಿಗೆ ಮಾತ್ರ. ಕೆಲಸ ಬಿಟ್ಟ ದಿನ ನಿಮ್ಮ ಕೈಯಲ್ಲಿ ಏನೂ ಉಳಿಯುವುದಿಲ್ಲ, ಇನ್ನೊಂದು ಕಡೆ ಸೇರಿದರೆ ನಮೂದು ಹೊಸದಾಗಿ ಆಗಬೇಕು. ಅದಾಗುವವರೆಗೆ ಲಾಠಿಯ ಸಂಬಳವೇ. ಹೀಗಾಗಿ ಈ ದಾರಿ ಹಿಡಿದವರು ಒಂದೇ ಕಡೆ ಐದಾರು ವರ್ಷ ನಿಲ್ಲುವ ಮನಸ್ಸು ಮಾಡಿಕೊಂಡು ಹೋಗಬೇಕು.

ಇಲ್ಲಿ ಒಂದು ಅಪಾಯವಿದೆ. ಕೆಲವು ವರ್ಷಗಳ ಹಿಂದೆ, ಒಂದು ಸೈಟಿನಲ್ಲಿ ರಾತ್ರಿ ರೌಂಡ್ಸಿಗೆ ಹೋಗಿದ್ದೆ. ಗನ್‌ಮ್ಯಾನ್ ಜ್ವರ ಎಂದು ಮನೆಗೆ ಹೋಗಿದ್ದ. ಕೋವಿ ಅವನ ಬದಲಿಗೆ ಬಂದ ರಿಲೀವರ್ ಹುಡುಗನ ಹೆಗಲಲ್ಲಿತ್ತು. ಏಜೆನ್ಸಿಯವರೇ ಫೋನಿನಲ್ಲಿ "ಇವತ್ತೊಂದು ದಿನ ನೀನೇ ಹಿಡ್ಕೊ" ಎಂದಿದ್ದರಂತೆ. ಆ ಹುಡುಗನ ಹೆಸರು ಲೈಸೆನ್ಸಿನ ಯಾವ ಪುಟದಲ್ಲೂ ಇರಲಿಲ್ಲ. ಲೈಸೆನ್ಸುದಾರನ ಬರಹದ ಅಪ್ಪಣೆಯಿಂದ ಇನ್ನೊಬ್ಬ ಕೋವಿ ಒಯ್ಯಬಹುದು, ಆದರೆ ಅದು ರಿಪೇರಿಗೋ ನವೀಕರಣಕ್ಕೋ ಅಥವಾ ಲೈಸೆನ್ಸುದಾರನೇ ಬಳಸುವುದಕ್ಕೋ ಮಾತ್ರ. ಕಾವಲಿಗಲ್ಲ. ಆ ರಾತ್ರಿ ಪೊಲೀಸರು ಬಂದಿದ್ದರೆ ಜೈಲಿಗೆ ಹೋಗುತ್ತಿದ್ದವನು ಫೋನಿನಲ್ಲಿ ಮಾತಾಡಿದವನಲ್ಲ, ಹೆಗಲಿಗೆ ಹಾಕಿಕೊಂಡವನು. ಕೋವಿಯನ್ನು ಇಳಿಸಿ, ನಳಿಗೆ ಬಿಚ್ಚಿ, ತೋಟಾಗಳನ್ನು ತೆಗೆದು ಸ್ಟ್ರಾಂಗ್ ರೂಮಿನಲ್ಲಿ ಇಡಿಸಿದೆ. ಹುಡುಗ ಬೆಳಗಿನವರೆಗೆ ಲಾಠಿ ಹಿಡಿದು ನಿಂತ, ನಾನೂ ಅವನ ಜೊತೆ ನಿಂತೆ.

ಅದಕ್ಕೇ ಈ ದಾರಿಗೆ ಹೋಗುವವರಿಗೆ ಹೇಳುತ್ತೇನೆ: ಮೊದಲ ದಿನ ಕೋವಿ ಮುಟ್ಟುವ ಮೊದಲು ಲೈಸೆನ್ಸು ತೋರಿಸಿ ಎಂದು ಕೇಳಿ. ನಿಮ್ಮ ಹೆಸರು, ಕೋವಿಯ ನಂಬರು, ಎಷ್ಟು ತೋಟಾಗೆ ಅನುಮತಿ, ಯಾವ ಪ್ರದೇಶಕ್ಕೆ ಊರ್ಜಿತ, ಯಾವ ತಾರೀಖಿನವರೆಗೆ ಎಂಬುದನ್ನು ಓದಿ, ಆ ನಂಬರನ್ನು ನಳಿಗೆಯ ಮೇಲಿನ ನಂಬರಿಗೆ ತಾಳೆ ನೋಡಿ. ಕೇಳಿದ್ದಕ್ಕೆ ಮುಖ ಸಿಂಡರಿಸುವ ಮ್ಯಾನೇಜರ ಹತ್ತಿರ ಕೋವಿ ತೆಗೆದುಕೊಳ್ಳಬೇಡಿ.

ಒಳ್ಳೆಯ ಕಡೆಗಳಲ್ಲಿ ಶಿಫ್ಟ್ ಬದಲಾಗುವುದನ್ನು ನೋಡುವುದೇ ಒಂದು ಪಾಠ. ನಮ್ಮಲ್ಲಿ ಒಬ್ಬರು ಮಾಜಿ ಹವಾಲ್ದಾರರಿದ್ದಾರೆ. ಸಂಜೆ ಕೋವಿ ಒಪ್ಪಿಸುವಾಗ ನಳಿಗೆಯ ಬಾಯನ್ನು ಮರಳು ತುಂಬಿದ ಬಕೆಟ್ಟಿನ ಕಡೆಗೇ ತಿರುಗಿಸಿ, ಬೆರಳನ್ನು ಕುದುರೆಯಿಂದ, ಅಂದರೆ ಟ್ರಿಗರಿನಿಂದ, ದೂರವಿಟ್ಟು, ಜೋಡಿ ನಳಿಗೆಯನ್ನು ಮಡಚಿ ತೆರೆಯುತ್ತಾರೆ. ಎರಡು ತೋಟಾ ಅಂಗೈಗೆ ಬೀಳುತ್ತವೆ. ಅವುಗಳ ಹಿತ್ತಾಳೆ ಬುಡವನ್ನು ಬಟ್ಟೆಯಿಂದ ಒರೆಸಿ, ಬೆಲ್ಟಿನಲ್ಲಿರುವ ಉಳಿದವನ್ನೂ ಮೇಜಿನ ಮೇಲೆ ಸಾಲಾಗಿ ನಿಲ್ಲಿಸಿ ಎಣಿಸುತ್ತಾರೆ. ಆಮೇಲೆ ಖಾಲಿ ನಳಿಗೆಯನ್ನು ಟ್ಯೂಬ್‌ಲೈಟಿನ ಕಡೆ ಎತ್ತಿ ಒಳಗೆ ನೋಡುತ್ತಾರೆ. ತುಕ್ಕಿನ ಒಂದು ಚುಕ್ಕೆ ಕಂಡರೂ ಎಣ್ಣೆ ಬಟ್ಟೆ ಹಾಕದೆ ಬಿಡುವುದಿಲ್ಲ. ರಿಜಿಸ್ಟರಿನಲ್ಲಿ ಇಬ್ಬರ ಸಹಿ. ಇಡೀ ಕೆಲಸಕ್ಕೆ ಏಳೆಂಟು ನಿಮಿಷ. ಕೆಲಸ ಕೇಳಲು ಹೋದಾಗ ಆ ರಿಜಿಸ್ಟರು ಇದೆಯೇ ನೋಡಿ. ಸಂಬಳದ ಚೀಟಿಗಿಂತ ಹೆಚ್ಚು ವಿಷಯ ಅದು ಹೇಳುತ್ತದೆ.

ಹಣದ ವ್ಯಾನು

ಎಟಿಎಮ್‌ಗೆ ಹಣ ತುಂಬುವ ವ್ಯಾನಿನ ಕೆಲಸ ಬೇರೆಯದೇ ಜಾತಿ. 2018ರಲ್ಲಿ ಕೇಂದ್ರ ಗೃಹ ಇಲಾಖೆ ಇದಕ್ಕೆ ಪ್ರತ್ಯೇಕ ಮಾದರಿ ನಿಯಮ ಮಾಡಿತು. ಒಂದು ವ್ಯಾನಿಗೆ ಚಾಲಕ, ಇಬ್ಬರು ಸಶಸ್ತ್ರ ಗಾರ್ಡ್, ಹಣದ ಹೊಣೆ ಹೊತ್ತ ಇಬ್ಬರು ಕಸ್ಟೋಡಿಯನ್ ಇರಬೇಕು. ಒಬ್ಬ ಗಾರ್ಡ್ ಚಾಲಕನ ಪಕ್ಕ, ಇನ್ನೊಬ್ಬ ಹಿಂದೆ. ಊಟ, ಚಹಾ, ಏನೇ ಇರಲಿ, ಒಬ್ಬ ಗಾರ್ಡ್ ವ್ಯಾನು ಬಿಟ್ಟು ಕದಲುವಂತಿಲ್ಲ. ಒಂದು ಟ್ರಿಪ್ಪಿಗೆ 5 ಕೋಟಿ ರೂಪಾಯಿ ಮೀರಬಾರದು. ನಗರದಲ್ಲಿ ರಾತ್ರಿ 9ರ ನಂತರ, ಹಳ್ಳಿಯ ಕಡೆ ಸಂಜೆ 6ರ ನಂತರ ಹಣ ತುಂಬುವಂತಿಲ್ಲ.

ಈ ಸಂಖ್ಯೆಗಳನ್ನು ಯಾಕೆ ಹೇಳಿದೆ ಎಂದರೆ, ಇವೇ ನಿಮ್ಮ ಜೀವರಕ್ಷಣೆ. 2025ರ ಜನವರಿ 16ರಂದು ಬೀದರಿನಲ್ಲಿ ಹಾಡಹಗಲೇ ಬೈಕಿನಲ್ಲಿ ಬಂದ ಇಬ್ಬರು ಹಣದ ವ್ಯಾನಿನ ಸಿಬ್ಬಂದಿಯ ಮೇಲೆ ಗುಂಡು ಹಾರಿಸಿ, ಒಬ್ಬರನ್ನು ಕೊಂದು ಪೆಟ್ಟಿಗೆ ಹೊತ್ತೊಯ್ದರು. ಅದೇ ವರ್ಷ ನವೆಂಬರಿನಲ್ಲಿ ಬೆಂಗಳೂರಿನಲ್ಲಿ ರಿಸರ್ವ್ ಬ್ಯಾಂಕಿನವರೆಂದು ಹೇಳಿಕೊಂಡು ಬಂದವರು ವ್ಯಾನು ತಡೆದು 7 ಕೋಟಿಗೂ ಹೆಚ್ಚು ಹಣ ದೋಚಿದರು. ಎರಡನೆಯದರಲ್ಲಿ ಕೋವಿಗಿಂತ ಮುಂಚೆ ಸೋತದ್ದು ತಲೆ: ಯಾರೋ ಗುರುತಿನ ಚೀಟಿ ತೋರಿಸಿದರೆಂದು ವ್ಯಾನಿನಿಂದ ಇಳಿಯಬಾರದು, ಮೊದಲು ಕಂಟ್ರೋಲ್ ರೂಮಿಗೂ 112ಕ್ಕೂ ಫೋನು ಮಾಡಬೇಕು. ವ್ಯಾನಿಗೆ ಸೇರುವ ಮೊದಲು ಕೇಳಿ: ಎರಡನೇ ಗನ್‌ಮ್ಯಾನ್ ದಿನಾ ಬರುತ್ತಾನೆಯೇ? "ಸಾಮಾನ್ಯವಾಗಿ ಬರ್ತಾನೆ" ಎಂಬ ಉತ್ತರ ಬಂದರೆ ಬೇಡ ಎನ್ನಿ. ಇನ್ನೊಂದು ವಿಷಯ, ಗಡಿ ಜಿಲ್ಲೆಗಳ ರೂಟು. ಬೆಳಗಾವಿಯಿಂದ ಕೊಲ್ಲಾಪುರದ ಕಡೆಗೋ ಬಳ್ಳಾರಿಯಿಂದ ಆಂಧ್ರದ ಕಡೆಗೋ ವ್ಯಾನು ದಾಟುವುದಾದರೆ ಲೈಸೆನ್ಸು ಆಚೆಗೂ ಊರ್ಜಿತವೇ ನೋಡಿಕೊಳ್ಳಿ.

ಎಳೆಯ ಮಕ್ಕಳಿರುವ, ಮೊದಲ ಸಲ ಕೋವಿ ಹಿಡಿಯುವ ಹುಡುಗರನ್ನು ನಾನು ವ್ಯಾನಿಗೆ ಹಾಕುವುದಿಲ್ಲ. ಬ್ಯಾಂಕಿನ ಬಾಗಿಲಲ್ಲಿ ಎರಡು ವರ್ಷ ಕಳೆದ ಮೇಲೆ ಮಾತು.

ಸೈನ್ಯದಿಂದ ಬಂದವರಿಗೆ

ಮಾಜಿ ಸೈನಿಕರು ಈ ಸಾಲಿನಲ್ಲಿ ಎಲ್ಲರಿಗಿಂತ ಮುಂದೆ ನಿಂತಿರುತ್ತಾರೆ, ನಿಲ್ಲಬೇಕಾದ್ದೂ ಹೌದು. ಪಸಾರಾ ಕಾಯ್ದೆಯೇ ಅವರಿಗೆ ಆದ್ಯತೆ ಕೊಡಬಹುದು ಎನ್ನುತ್ತದೆ. ಬೇರೆಯವರಿಗೆ 100 ಗಂಟೆ ಪಾಠ, 60 ಗಂಟೆ ಮೈದಾನದ ತರಬೇತಿ ಬೇಕಾದರೆ, ಅವರಿಗೆ 40 ಮತ್ತು 16 ಗಂಟೆ ಸಾಕು. ರಾಷ್ಟ್ರೀಕೃತ ಬ್ಯಾಂಕುಗಳ ಕಾಯಂ ಸಶಸ್ತ್ರ ಗಾರ್ಡ್ ಹುದ್ದೆ ಸಾಮಾನ್ಯವಾಗಿ ಅವರಿಗೇ ಮೀಸಲು. ಹೀಗಿರುವಾಗ ಪಿಂಚಣಿಗೆ ಬಂದ ತಿಂಗಳೇ ಸಿಕ್ಕ ಏಜೆನ್ಸಿಗೆ ಸೇರಬೇಡಿ. ಮೊದಲು ಜಿಲ್ಲಾ ಸೈನಿಕ ಕಲ್ಯಾಣ ಮತ್ತು ಪುನರ್ವಸತಿ ಕಚೇರಿಯಲ್ಲಿ ಹೆಸರು ನೋಂದಾಯಿಸಿ, ಕೇಂದ್ರ ರಕ್ಷಣಾ ಇಲಾಖೆಯ ಪುನರ್ವಸತಿ ಮಹಾನಿರ್ದೇಶನಾಲಯದ ಪಟ್ಟಿಯಲ್ಲಿರುವ ಏಜೆನ್ಸಿಗಳನ್ನು ವಿಚಾರಿಸಿ, ಬ್ಯಾಂಕುಗಳ ಅಧಿಸೂಚನೆಗೆ ಕಾಯಿರಿ. ನಿಮಗೆ ಪಿಂಚಣಿ ಇದೆ, ಕಾಯುವ ಶಕ್ತಿ ಇದೆ. ಆ ಶಕ್ತಿ ಇಲ್ಲದ ಹುಡುಗರ ಜೊತೆ ಕಡಿಮೆ ದರಕ್ಕೆ ಪೈಪೋಟಿಗೆ ಇಳಿದರೆ ಇಬ್ಬರಿಗೂ ನಷ್ಟ.

ಲಾಠಿಯಲ್ಲೇ ಉಳಿಯುವುದು

ಇದನ್ನು ಸೋಲು ಎಂದುಕೊಳ್ಳುವವರೇ ಹೆಚ್ಚು. ನಾನು ಹಾಗೆ ನೋಡುವುದಿಲ್ಲ. 18ರಿಂದ 65 ವರ್ಷದವರೆಗೆ ಈ ಕೆಲಸ ಮಾಡಬಹುದು. ಗಂಡಸರಿಗೆ 160 ಸೆಂಟಿಮೀಟರ್, ಹೆಂಗಸರಿಗೆ 150 ಸೆಂಟಿಮೀಟರ್ ಎತ್ತರ ಬೇಕು. ಗಂಡಸರ ಎದೆ 80 ಸೆಂಟಿಮೀಟರ್, ಉಸಿರೆಳೆದರೆ 4 ಹೆಚ್ಚಬೇಕು. ಬಣ್ಣಗುರುಡು ಇರಬಾರದು. ಒಂದು ಕಿಲೋಮೀಟರನ್ನು ಆರು ನಿಮಿಷದಲ್ಲಿ ಓಡಬೇಕು. ದೇಹದ ಈ ಅಳತೆಗಳು ಕೋವಿ ಹಿಡಿಯುವವರಿಗೂ ಹಿಡಿಯದವರಿಗೂ ಒಂದೇ. ತರಬೇತಿಯಲ್ಲಿ ಬೆಂಕಿ ನಂದಿಸುವುದು, ಪ್ರಥಮ ಚಿಕಿತ್ಸೆ, ಜನಜಂಗುಳಿ ನಿಭಾಯಿಸುವುದು, ಎಫ್‌ಐಆರ್ ದಾಖಲಿಸುವ ಕ್ರಮ ಎಲ್ಲ ಇದೆ. ಕೋವಿಯ ಪಾಠ ಐಚ್ಛಿಕ.

ಸಿಸಿಟಿವಿ ಕಂಟ್ರೋಲ್ ರೂಮ್ ಕಲಿತು, ಅಷ್ಟಿಷ್ಟು ಇಂಗ್ಲಿಷ್, ಹಿಂದಿ ರೂಢಿಸಿಕೊಂಡು, ವರದಿ ಬರೆಯಲು ಕಲಿತ ಗಾರ್ಡ್ ಮೂರು ನಾಲ್ಕು ವರ್ಷದಲ್ಲಿ ಸೂಪರ್‌ವೈಸರ್ ಆಗುವುದನ್ನು ನಾನು ಎಷ್ಟೋ ಸಲ ನೋಡಿದ್ದೇನೆ. ಅಲ್ಲಿ ಸಂಬಳದ ಏರಿಕೆ ಆ 81 ರೂಪಾಯಿಗಿಂತ ಹೆಚ್ಚು. ಹೆಗಲ ಮೇಲೆ ಕೋವಿಯ ಭಾರವಿಲ್ಲ, ಠಾಣೆಗೆ ಓಡಾಟವಿಲ್ಲ. ನನ್ನ ಬಳಿ ಕೆಲಸ ಮಾಡುವ ಹೆಣ್ಣುಮಕ್ಕಳಲ್ಲಿ ಇಬ್ಬರು ಈ ದಾರಿಯಲ್ಲೇ ಮೇಲೆ ಬಂದವರು.

ಯಾವ ದಾರಿಯಾದರೂ ಸರಿ, ಏಜೆನ್ಸಿಯ ಕಚೇರಿಗೆ ಹೋದಾಗ ಗೋಡೆ ನೋಡಿ. ತನ್ನ ಲೈಸೆನ್ಸನ್ನು ಎಲ್ಲರಿಗೂ ಕಾಣುವ ಕಡೆ ತೂಗುಹಾಕಬೇಕೆಂದು ಕಾಯ್ದೆ ಹೇಳುತ್ತದೆ. ಗೋಡೆ ಖಾಲಿ ಇದ್ದರೆ ಯಾಕೆ ಎಂದು ಕೇಳಿ. ಪೊಲೀಸರ ಅಥವಾ ಸೈನ್ಯದ ಸಮವಸ್ತ್ರವನ್ನೇ ಹೋಲುವ ಬಟ್ಟೆ ಕೊಟ್ಟರೆ ಹಾಕಿಕೊಳ್ಳಬೇಡಿ, ಅದೂ ಅಪರಾಧ. ಪಿಎಫ್ ನಂಬರು ನಿಮ್ಮ ಮೊಬೈಲಿಗೆ ಬಂದಿದೆಯೇ ಎಂದು ಎರಡನೇ ತಿಂಗಳೇ ಪರೀಕ್ಷಿಸಿ.

ಕುದುರೆ ಎಳೆಯುವ ಹಕ್ಕು

ಕೋವಿ ಹಿಡಿದವನಿಗೆ ಪೊಲೀಸರಂಥ ಅಧಿಕಾರ ಇದೆ ಎಂದು ಬಹಳ ಜನ ನಂಬಿದ್ದಾರೆ. ಇಲ್ಲ. ರಸ್ತೆಯಲ್ಲಿ ಹೋಗುವ ಯಾವ ನಾಗರಿಕನಿಗೆ ಎಷ್ಟು ಹಕ್ಕಿದೆಯೋ ಅಷ್ಟೇ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 34ರಿಂದ 44ರವರೆಗಿನ ಕಲಮುಗಳಲ್ಲಿ ಆತ್ಮರಕ್ಷಣೆಯ ಹಕ್ಕು ಇದೆ. ಪ್ರಾಣಕ್ಕೆ ಅಥವಾ ಘೋರ ಗಾಯಕ್ಕೆ ನಿಜವಾದ ಭಯ ಇದ್ದಾಗ, ದರೋಡೆ ನಡೆಯುತ್ತಿರುವಾಗ, ರಾತ್ರಿ ಕನ್ನ ಹಾಕುವಾಗ, ಬೇರೆ ದಾರಿಯಿಲ್ಲದಿದ್ದರೆ, ಅಪಾಯಕ್ಕೆ ತಕ್ಕಷ್ಟು ಬಲ ಬಳಸಬಹುದು. ಪರ್ಸು ಕಿತ್ತುಕೊಂಡು ಓಡುವವನ ಬೆನ್ನಿಗೆ ಗುಂಡು ಹೊಡೆದರೆ ಕೊಲೆ ಕೇಸು ನಿಮ್ಮ ಮೇಲೆ. ಕಣ್ಣೆದುರೇ ಅಂಥ ಅಪರಾಧ ಮಾಡಿದವನನ್ನು ನಾಗರಿಕನಾಗಿ ಹಿಡಿಯಬಹುದು, ಆದರೆ ಆರು ಗಂಟೆಯೊಳಗೆ ಪೊಲೀಸರಿಗೆ ಒಪ್ಪಿಸಬೇಕು. ಗೇಟಿನ ರೂಮಿನಲ್ಲಿ ಕೂಡಿಹಾಕಿ ಹೊಡೆಯುವಂತಿಲ್ಲ.

ಮದುವೆ ಮೆರವಣಿಗೆಗೆ ಸಾಹುಕಾರರ ಜೊತೆ ಹೋಗುವ ಗನ್‌ಮ್ಯಾನ್‌ಗಳು ಇದನ್ನು ನೆನಪಿಡಿ: ಖುಷಿಗೆಂದು ಬೇಜವಾಬ್ದಾರಿಯಿಂದ ಆಕಾಶಕ್ಕೆ ಗುಂಡು ಹಾರಿಸಿದರೂ 2019ರಿಂದ 2 ವರ್ಷದವರೆಗೆ ಜೈಲು ಅಥವಾ 1 ಲಕ್ಷದವರೆಗೆ ದಂಡ, ಅಥವಾ ಎರಡೂ. ಒಡೆಯರು "ಹೊಡಿ" ಎಂದರು ಅಂತ ಕೋರ್ಟಿನಲ್ಲಿ ಹೇಳಿದರೆ ಕೇಳುವವರಿಲ್ಲ.

ಆ ಹುಡುಗನಿಗೆ ಕೊನೆಗೆ ವಯಸ್ಸು ಕೇಳಿದೆ. 22 ಎಂದ. ಗೋಡೆಗೆ ನಿಲ್ಲಿಸಿ ಅಳೆದೆವು, 171 ಸೆಂಟಿಮೀಟರ್. ಕೇಂದ್ರ ಸಶಸ್ತ್ರ ಪಡೆಗಳ ಕಾನ್‌ಸ್ಟೆಬಲ್ ಪರೀಕ್ಷೆಗೆ ಗಂಡಸರಿಗೆ 170 ಬೇಕು, ವಯಸ್ಸು 18ರಿಂದ 23, ಹಿಂದುಳಿದ ವರ್ಗಕ್ಕೆ 3 ವರ್ಷ, ಪರಿಶಿಷ್ಟರಿಗೆ 5 ವರ್ಷ ಸಡಿಲಿಕೆ. ಎಸ್ಸೆಸ್ಸೆಲ್ಸಿ ಸಾಕು. 2024ರಿಂದ ಆ ಪರೀಕ್ಷೆಯನ್ನು ಕನ್ನಡದಲ್ಲೇ ಬರೆಯಬಹುದು ಎಂದಾಗ ಅವನ ಮುಖ ಬದಲಾಯಿತು, ಅದು ಅವನಿಗೆ ಗೊತ್ತೇ ಇರಲಿಲ್ಲ. ಅಲ್ಲಿ ಕೋವಿಯೂ ಸರ್ಕಾರದ್ದು, ತರಬೇತಿಯೂ ಸರ್ಕಾರದ್ದು. ಐದು ಕಿಲೋಮೀಟರನ್ನು 24 ನಿಮಿಷದಲ್ಲಿ ಓಡಬೇಕು, ಅಷ್ಟೇ ಕಷ್ಟ. ಸಿಗದಿದ್ದರೆ ಬ್ಯಾಂಕಿನ ರಿಟೇನರ್ ಕೆಲಸಕ್ಕೆ ನಾನೇ ಸೇರಿಸುತ್ತೇನೆ ಎಂದೆ. ಸಾಲದ ಮಾತು ಅಲ್ಲಿಗೆ ಬಿಟ್ಟ. ಅವನನ್ನು ಖಾಯಂ ಹಗಲು ಪಾಳಿಗೆ ಹಾಕಿಸಿಕೊಂಡೆ. ಈಗ ಬೆಳಿಗ್ಗೆ ಐದಕ್ಕೆ ಮೈದಾನದಲ್ಲಿ ಓಡಿ, ಎಂಟಕ್ಕೆ ಗೇಟಿಗೆ ಬರುತ್ತಾನೆ. ಹೋದ ವಾರ ಫೋನು ಮಾಡಿದ್ದ: "ಸರ್, ಇಪ್ಪತ್ತಾರು ನಿಮಿಷಕ್ಕೆ ಬಂದೀನ್ರಿ."